ಕಿನ್ನರಿ ಮತ್ತು ಉಳ್ಳಾಗಡ್ಡಿ

ಮೊಮ್ಮಗನ ಮೊಬೈಲ್ ಆಟದಾಗ ಒಂದು ಮಾಯದ ಕೊಳಲು. ಊದಿದರೆ ರಾಕ್ಷಸ ಮಲಗಿಬಿಡ್ತಾನಂತೆ.

"ಮಲಗಿಸಲಿಕ್ಕೆ ನಮ್ಮೂರು ಮಾಕಣಿಯ ಭಜನೆಯ ಪೇಟಿ ಸಾಕೋ ತಮ್ಮಾ, ತೇರಣಾ ಡ್ಯಾಮಿನ ಮೀನೂ ನಿದ್ದೆ ಹೋಗ್ತಾವ. ಬಂಗಾರ ಕೊಡಿಸೋ ವಾದ್ಯ ಗೊತ್ತದೇನು?" ಅಂದೆ.

ಅದೇ ಕಿನ್ನರಿ. ಬಿದಿರ ಕೋಲು, ಸೋರೆಬುರುಡೆ, ತಂತಿ, ಇಷ್ಟೇ ಬಂಡವಾಳ. ನಮ್ಮ ಮರಾಠವಾಡದ್ದೇ ಆದ ದೇವಗಿರಿಯಲ್ಲಿ 13ನೇ ಶತಮಾನದಲ್ಲಿ 'ಸಂಗೀತರತ್ನಾಕರ' ಬರೆದ ಶಾರ್ಙ್ಗದೇವ ಅದರಲ್ಲಿ ಕಿನ್ನರಿಯ ಲಘ್ವಿ, ಬೃಹತಿ ಎಂಬ ಬಗೆಗಳನ್ನು ಹೇಳಿದ್ದಾನೆ. ಹರಿಹರನ ರಗಳೆಯ ಕಿನ್ನರ ಬೊಮ್ಮಯ್ಯ ಶಿವನ ಮುಂದೆ ಕಿನ್ನರಿ ನುಡಿಸುತ್ತಾನೆ; ಶಿವ ಹೊನ್ನು ಕೊಡುತ್ತಾನೆ; ಹೊನ್ನೆಲ್ಲ ಜಂಗಮರ ಊಟಕ್ಕೆ.

ನನಗೆ ರುಚಿ ಹತ್ತಿದ್ದು ಮುಂದಿನ ಜಗಳ. ಇಲ್ಲೇ ನಮ್ಮ ಮಗ್ಗುಲಿನ ಕಲ್ಯಾಣದಲ್ಲಿ, ಅಡುಗೆಗೆ ಬಂದ ಉಳ್ಳಾಗಡ್ಡಿ ಕಂಡು ಬಸವಣ್ಣನವರು ಮೂಗು ಮುರಿದರಂತೆ. ಬೊಮ್ಮಯ್ಯ ಮುನಿದು ಎದ್ದೇಬಿಟ್ಟ. ಕಡೆಗೆ ಉಳ್ಳಾಗಡ್ಡಿಗೇ ಉತ್ಸವ ಮಾಡಿ ಅವನನ್ನು ಕರೆತರಬೇಕಾಯಿತು. ರಾಜ್ಯದ ಭಂಡಾರಿ ಬಸವಣ್ಣನವರಿಗೇ ಈ ಪಾಡು!

"ಮುತ್ಯಾ, ಆ ಕಿನ್ನರಿ ಈಗೆಲ್ಲಿ ಸಿಗ್ತದ?"

ಒಳಗಿಂದ ಸೊಸೆಯ ದನಿ: "ಮಾವಾರ, ಕಿನ್ನರಿ ಆಮ್ಯಾಲ. ಮೊದಲು ಎರಡು ಕಿಲೋ ಉಳ್ಳಾಗಡ್ಡಿ ತರ್ರಿ!"