ರೇಡಿಯೇಟರಿಗೂ ತೀರ್ಥ

ಅಮೆರಿಕದಿಂದ ಹೊರಡುವ ಹಿಂದಿನ ರಾತ್ರಿ ಗಂಡ ಹೆಂಡಿರ ನಿಜವಾದ ಬಣ್ಣ ಬಯಲಾಗುತ್ತದೆ. ಪೆಟ್ಟಿಗೆಯೊಂದಕ್ಕೆ 23 ಕೆಜಿ ಎಂದು ವಿಮಾನದವರ ಕಟ್ಟಪ್ಪಣೆ. ಮಗಳ ಮನೆಯ ತೂಕದ ಮಷೀನಿನ ಮೇಲೆ ನಾನು ಪೆಟ್ಟಿಗೆಯನ್ನು ತಬ್ಬಿಕೊಂಡು ನಿಂತೆ. ಬಂದ ಲೆಕ್ಕದಲ್ಲಿ ನನ್ನನ್ನು ಕಳೆದರೆ ಪೆಟ್ಟಿಗೆ ಉಳಿಯಬೇಕು. ಉಳಿಯಿತು, ಧಾರಾಳವಾಗಿಯೇ ಉಳಿಯಿತು. “ರೀ, ಆ ದಿಂಡು ಪುಸ್ತಕ ತೆಗೀತೀರೋ, ಬಾದಾಮಿ ತೆಗೀಲೋ?” ಎಂದಳು ನನ್ನಾಕೆ. ಕೇಳಿದ ಧಾಟಿಯಲ್ಲೇ ತೀರ್ಪೂ ಇತ್ತು.

ಹಾಗೆ ನ್ಯೂಜೆರ್ಸಿಯಲ್ಲೇ ಉಳಿದ ಮಹಾಗ್ರಂಥ ಸಿಡ್ನಿ ಆಲ್‌ಸ್ಟ್ರಾಮ್ ಬರೆದ ಅಮೆರಿಕನ್ನರ ಧಾರ್ಮಿಕ ಇತಿಹಾಸ. 1972ರಲ್ಲಿ ಬಂದದ್ದು, ಸಾವಿರ ಪುಟಕ್ಕೂ ಮೇಲೆ. ಮರುವರ್ಷ ನ್ಯಾಷನಲ್ ಬುಕ್ ಅವಾರ್ಡ್ ಪಡೆದದ್ದು. ಲೈಬ್ರರಿಯವರು ಹಳೇ ಪುಸ್ತಕ ಮಾರುವಾಗ ಕೊಂಡಿದ್ದೆ. ಸೋವಿ ಎಂದರೆ ನಮ್ಮ ವಿದ್ವತ್ತು ಕೆರಳುತ್ತದೆ, ನೋಡಿ. ಆ ದೇಶದ ಧರ್ಮದ ಚರಿತ್ರೆ ಬರೆದ ದೊಡ್ಡವರ ಸಂಗವೇ ಭಾರ. ಆಲ್‌ಸ್ಟ್ರಾಮ್‌ಗೂ ಮುಂಚಿನ ಪೆರಿ ಮಿಲ್ಲರ್, ಹದಿನೇಳನೆಯ ಶತಮಾನದ ಪ್ಯೂರಿಟನ್ ಪಾದ್ರಿಗಳ ಉಪದೇಶಗಳನ್ನೆಲ್ಲ ಕುಳಿತು ಓದಿ, ನ್ಯೂ ಇಂಗ್ಲೆಂಡಿನ ಮನಸ್ಸು ಹೇಗಿತ್ತೆಂದು 1939ರಲ್ಲಿ ಬರೆದ. ಆ ಉಪದೇಶಗಳು ಗಂಟೆಗಟ್ಟಲೆ ನಡೆಯುತ್ತಿದ್ದವು. ಕೇಳುತ್ತ ಕೂತವರ ಮನಸ್ಸು ಎಲ್ಲಿತ್ತು ಎಂಬ ತರಲೆ ಪ್ರಶ್ನೆ ಮಾತ್ರ ನನ್ನಂಥವನನ್ನು ಬಿಡುವುದಿಲ್ಲ.

ಬಾದಾಮಿಗೆ ಸೋತ ದುಃಖದಲ್ಲಿ ಹೆಗಲಚೀಲಕ್ಕೆ ಸೇರಿಸಿಕೊಂಡದ್ದು ಅದೇ ಕಂತೆಯ ಸಣಕಲು ಪುಸ್ತಕವೊಂದನ್ನು: ರಾಬರ್ಟ್ ಆರ್ಸಿಯ ‘ದಿ ಮಡೋನಾ ಆಫ್ 115ತ್ ಸ್ಟ್ರೀಟ್’, 1985ರದ್ದು. ಆರ್ಸಿ ಬ್ರಾಂಕ್ಸ್‌ನ ಇಟಾಲಿಯನ್ ಮನೆತನದವರು. ಧರ್ಮವನ್ನು ಹುಡುಕಿಕೊಂಡು ಅವರು ಹೋದದ್ದು ಪಾದ್ರಿಗಳ ವೇದಿಕೆಯ ಹತ್ತಿರಕ್ಕಲ್ಲ, ನ್ಯೂಯಾರ್ಕಿನ ಪೂರ್ವ ಹಾರ್ಲೆಮ್ಮಿನ ಬೀದಿಗೆ. ದಕ್ಷಿಣ ಇಟಲಿಯಿಂದ ಬಂದ ಕೂಲಿಕಾರರು 1880ರ ದಶಕದ ಆರಂಭದಿಂದ ಅಲ್ಲಿ ಪ್ರತಿ ಜುಲೈ 16ಕ್ಕೆ ಕಾರ್ಮೆಲ್ ಮಾತೆ ಮೇರಿಯ ಹಬ್ಬ ಮಾಡುತ್ತಿದ್ದರು. ಬೇಸಿಗೆಯ ಉರಿಯಲ್ಲಿ, ಕಾದ ಡಾಂಬರಿನ ಮೇಲೆ ಬರಿಗಾಲಿನ ಮೆರವಣಿಗೆ. ಹರಕೆ ಹೊತ್ತವರ ಕೈಯಲ್ಲಿ ತಮ್ಮ ಮೈಭಾರದಷ್ಟೇ ಭಾರದ ಮೇಣದ ಬತ್ತಿ. ಕಾಲು ನೋವಿನವರಿಗೆ ಮೇಣದ ಕಾಲು, ಎದೆ ನೋವಿನವರಿಗೆ ಮೇಣದ ಹೃದಯ, ಬೀದಿಯಲ್ಲೇ ಮಾರಾಟ. ಚರ್ಚಿನ ನೆಲವನ್ನು ನಾಲಗೆಯಿಂದ ಸವರುತ್ತ ಮಾತೆಯ ಮುಂದಕ್ಕೆ ಹೋಗುವ ಹೆಂಗಸರೂ ಇದ್ದರು. ಅದನ್ನು ಮುಂದೆ ಪಾದ್ರಿಗಳೇ ನಿಲ್ಲಿಸಿದರು. 1904ರಲ್ಲಿ ಮಾತೆಯ ಕಿರೀಟಧಾರಣೆಗೆ ಆ ಬಡವರು ಓಲೆ ಉಂಗುರ ಬಿಚ್ಚಿ ಕೊಟ್ಟರು, ಆ ಚಿನ್ನ ಕರಗಿ ಕಿರೀಟವಾಯಿತು. ಇಷ್ಟಾದರೂ ಐರಿಷ್ ಮೂಲದ ಹಿರಿಯ ಕ್ಯಾಥೊಲಿಕರಿಗೆ ಇವರೆಲ್ಲ ಅನಾಗರಿಕರು. ಇಟಾಲಿಯನ್ನರು ಬಹುಕಾಲ ಅದೇ ಚರ್ಚಿನ ನೆಲಮಾಳಿಗೆಯಲ್ಲಿ ಪೂಜೆ ಮಾಡಬೇಕಾಯಿತು. ದೇವರು ಒಬ್ಬನೇ, ಮಹಡಿ ಬೇರೆ!

ಇವರೆಲ್ಲ ನಿಜವಾಗಿ ಪೂಜಿಸಿದ್ದು ಮನೆಯನ್ನು ಎನ್ನುತ್ತಾರೆ ಆರ್ಸಿ. ಅಪ್ಪ ಅಮ್ಮ, ಅಜ್ಜಿ, ಮಾನ, ಊಟದ ಮೇಜು, ಮಗಳು ಯಾರ ಜೊತೆ ಮಾತಾಡಿದಳು ಎಂಬ ತನಿಖೆ, ಇದೆಲ್ಲ ಸೇರಿದ ಮನೆ. ಆ ಮನೆಯಲ್ಲಿ ಹೆಂಗಸಿನ ಮಾತಿಗೆ ತೂಕವಿತ್ತು, ಹೆಂಗಸಿನ ಮೇಲೆ ಕಾವಲೂ ಇತ್ತು. ದುಡಿದು ದುಡಿದು ನವೆದ ತಾಯಿ ವರ್ಷಕ್ಕೊಮ್ಮೆ ಬೀದಿಗೆ ಬಂದು ಇನ್ನೊಬ್ಬ ತಾಯಿಯ ಮುಂದೆ ಅತ್ತು, ಹಗುರಾಗಿ, ಮತ್ತೆ ಅದೇ ಅಡುಗೆಮನೆಗೆ ಹಿಂತಿರುಗುತ್ತಿದ್ದಳು. ಇದು ಬಿಡುಗಡೆಯೋ ಬಂಧನವೋ? ಎರಡೂ ಎನ್ನುತ್ತಾರೆ ಅವರು. ಇತಿಹಾಸಕಾರ ಎರಡೂ ಎಂದಾಗ ಸಾಮಾನ್ಯವಾಗಿ ನನಗೆ ಜಾರಿಕೆ ಕಾಣಿಸುತ್ತದೆ. ಇಲ್ಲಿ ಹಾಗನ್ನಿಸಲಿಲ್ಲ.

ಬ್ರಾಂಕ್ಸ್‌ನ ಸೇಂಟ್ ಲೂಸಿ ಚರ್ಚಿನ ಅಂಗಳದ ಸಂಗತಿಯನ್ನಂತೂ ನಾನು ಸಿಕ್ಕಿದವರಿಗೆಲ್ಲ ಹೇಳಿಯಾಗಿದೆ. 1939ರಲ್ಲಿ ಅಲ್ಲಿ ಫ್ರಾನ್ಸಿನ ಲೂರ್ದ್ ಯಾತ್ರಾಸ್ಥಳದ ಗವಿಯ ಪಡಿಯಚ್ಚೊಂದನ್ನು ಕಟ್ಟಿದರು. ಬಂಡೆಯಿಂದ ನೀರು ಹರಿಯುತ್ತದೆ. ಜನ ಕ್ಯಾನು ಬಾಟಲಿ ತುಂಬಿಸಿಕೊಳ್ಳುತ್ತಾರೆ, ಕುಡಿಯುತ್ತಾರೆ, ಕಾಯಿಲೆಯವರಿಗೆ ಒಯ್ಯುತ್ತಾರೆ. ಕೆಲವರು ಕಾರಿನ ಬಾನೆಟ್ ಎತ್ತಿ ರೇಡಿಯೇಟರಿಗೂ ಸುರಿಯುತ್ತಾರೆ, ದಾರಿಯಲ್ಲಿ ಅಪಾಯವಾಗದಿರಲೆಂದು. ಈ ನೀರು ಎಲ್ಲಿಂದ ಬರುತ್ತದೆ ಎಂದು ಆರ್ಸಿ ವಿಚಾರಿಸಿದರೆ, ಜನ ಕಣ್ಣು ಮಿಟುಕಿಸದೆ ಹೇಳಿದ ಉತ್ತರ: ಕಾರ್ಪೊರೇಷನ್ ನಲ್ಲಿಯದು. ಗೊತ್ತಿದೆ, ಆದರೂ ತೀರ್ಥ. ಇದನ್ನು ಮೂಢನಂಬಿಕೆ ಎಂದು ತಳ್ಳುವುದೂ ಸುಲಭ, ಆಹಾ ಮುಗ್ಧ ಭಕ್ತಿ ಎಂದು ಕರಗುವುದೂ ಸುಲಭ. ಆರ್ಸಿ ಎರಡನ್ನೂ ಮಾಡದೆ ಕ್ಯಾನಿನ ಪಕ್ಕ ನಿಲ್ಲುತ್ತಾರೆ. ಅವರ ಪ್ರಕಾರ ಧರ್ಮವೆಂದರೆ ಮೇಲಿನ ಲೋಕದವರಿಗೂ ಇಲ್ಲಿಯವರಿಗೂ ನಡುವಿನ ಸಂಬಂಧ. ನಮ್ಮ ಸೋದರಮಾವನ ಸಂಬಂಧದ ಹಾಗೆ ಅದರಲ್ಲೂ ಸಲುಗೆ, ಮುನಿಸು, ಕೊಟ್ಟದ್ದು, ಕೊಡದೇ ಹೋದದ್ದು, ಎಲ್ಲ ಉಂಟು.

ಕೆಟ್ಟ ನೆಂಟಸ್ತಿಕೆಯೂ ಉಂಟು. 2005ರ ‘ಬಿಟ್ವೀನ್ ಹೆವನ್ ಅಂಡ್ ಅರ್ಥ್’ನಲ್ಲಿ ಆರ್ಸಿ ತಮ್ಮ ಮಾವ ಸಾಲ್ ಬಗ್ಗೆ ಬರೆದಿದ್ದಾರೆ. ಆತನಿಗೆ ಸೆರೆಬ್ರಲ್ ಪಾಲ್ಸಿ. ಅಂಗವಿಕಲರು ದೇವರಿಗೆ ವಿಶೇಷ ಪ್ರಿಯರು, ನೋವು ವರ ಎಂದೆಲ್ಲ ಆ ಕಾಲದ ಕ್ಯಾಥೊಲಿಕ್ ಪತ್ರಿಕೆಗಳು ಹೊಗಳುತ್ತಿದ್ದವು. ಹಾಗೆ ಹೊಗಳಿಸಿಕೊಂಡವರ ನಿಜವಾದ ನೋವು ಮಾತ್ರ ಯಾರಿಗೂ ಕಾಣಬೇಕಿರಲಿಲ್ಲ. ಇಲ್ಲಿ ಆರ್ಸಿಗೆ ಸಿಟ್ಟು ಬರುತ್ತದೆ, ಬರಲೇಬೇಕು. ಸಾಲ್ ಮಾತ್ರ ತನಗೆ ತಕ್ಕ ಗೆಳತಿಯನ್ನು ಹುಡುಕಿಕೊಂಡಿದ್ದ: ಕಾಸ್ತೆಲ್ಲೋದ ಮಾರ್ಗರೆಟ್. ಕುರುಡಿ, ಗಿಡ್ಡಿ, ಬೆನ್ನು ಗೂನು, ಹೆತ್ತವರಿಗೇ ಬೇಡವಾದ ಹದಿನಾಲ್ಕನೆಯ ಶತಮಾನದ ಹೆಣ್ಣು. ಪೋಪ್ ಫ್ರಾನ್ಸಿಸ್ ಆಕೆಗೆ ಸಂತಪದವಿ ಕೊಟ್ಟದ್ದು 2021ರಲ್ಲಿ. ಸಾಲ್ ಅಷ್ಟು ತಡ ಮಾಡಲಿಲ್ಲ.

ಇದನ್ನೆಲ್ಲ ನನ್ನಾಕೆಗೆ ಆಗಾಗ ಓದಿ ಹೇಳುತ್ತೇನೆ. ಆಕೆ ಹುರುಳಿಕಾಯಿ ಸೋಸುತ್ತ ಹ್ಞೂಂಗುಡುತ್ತಾಳೆ. ಕಿವಿ ನೆಟ್ಟಗಾದದ್ದು ಆರ್ಸಿ ಬರೆದ ಸೇಂಟ್ ಜೂಡ್ ಎಂಬ ಸಂತನ ಸುದ್ದಿ ಬಂದಾಗ. ಯೇಸುವಿಗೆ ದ್ರೋಹ ಬಗೆದ ಯೂದಾಸನ ಹೆಸರನ್ನೇ ಹೋಲುವ ಹೆಸರು ಇದ್ದದ್ದರಿಂದ ಈತನನ್ನು ಯಾರೂ ಕರೆಯುತ್ತಿರಲಿಲ್ಲವಂತೆ. ಬೇರೆ ಗಿರಾಕಿಗಳಿಲ್ಲದ ಈ ಸಂತ ಕೈಬಿಟ್ಟ ಕೇಸುಗಳನ್ನು ವಹಿಸಿಕೊಂಡ. 1929ರಲ್ಲಿ ಶಿಕಾಗೋದ ಉಕ್ಕಿನ ಕಾರ್ಖಾನೆಗಳ ಬಳಿ ಈತನ ಕ್ಷೇತ್ರವಾಯಿತು, ಬೆನ್ನಿಗೇ ಆರ್ಥಿಕ ಕುಸಿತ ಬಂತು. ಗಂಡನಿಗೆ ಕೆಲಸ ಹೋದವರು, ಮಗ ಯುದ್ಧಕ್ಕೆ ಹೋದವರು ದೇಶದ ಮೂಲೆ ಮೂಲೆಯಿಂದ ಕಾಗದ ಬರೆದರು. ಬಹಳ ಮಂದಿ ಶಿಕಾಗೋ ಕಂಡವರೇ ಅಲ್ಲ, ಭಕ್ತಿಯೆಲ್ಲ ಅಂಚೆಯಲ್ಲೇ. ಡ್ಯಾನಿ ಥಾಮಸ್ ಎಂಬ ಹಾಸ್ಯನಟ ಹರಕೆ ತೀರಿಸಲು ಮುಂದಾಗಿ, 1962ರಲ್ಲಿ ಮೆಂಫಿಸ್‌ನಲ್ಲಿ ಮಕ್ಕಳ ಆಸ್ಪತ್ರೆಯೇ ಎದ್ದಿತು. ಉಳಿದವರಿಗೆ ಹರಕೆ ಅಗ್ಗ: ಕೆಲಸ ಆದರೆ ಪತ್ರಿಕೆಯಲ್ಲಿ ಎಲ್ಲರೆದುರು ವಂದನೆ ಹೇಳಬೇಕು. ಬೆಂಗಳೂರಿನ ಇಂಗ್ಲಿಷ್ ಪತ್ರಿಕೆಗಳ ಸಣ್ಣ ಜಾಹೀರಾತುಗಳಲ್ಲೂ, ಬಾಡಿಗೆ ಮನೆ ಮತ್ತು ಹೆಸರು ಬದಲಾವಣೆಗಳ ನಡುವೆ, ಈ ವಂದನೆಯನ್ನು ನೀವು ಕಂಡಿರಬಹುದು.

ಈ ಭಕ್ತೆಯರಲ್ಲಿ ಒಬ್ಬಾಕೆ ಆರ್ಸಿಯನ್ನೇ ಕೇಳಿಬಿಟ್ಟಳಂತೆ, ನೀವು ಯಾವತ್ತಾದರೂ ಜೂಡ್‌ಗೆ ಬೇಡಿಕೊಂಡಿದ್ದೀರಾ ಎಂದು. ಪ್ರೊಫೆಸರು ತಡವರಿಸಿದರು. ಆ ಪ್ರಶ್ನೆಯನ್ನೇ ಮುಂದೆ ಒಂದು ಲೇಖನದ ತಲೆಬರಹ ಮಾಡಿದರು. ವಿದ್ವಾಂಸನ ದೂರವೇನು, ಹತ್ತಿರವೇನು, ನಂಬದವನಿಗೆ ನಂಬಿದವರು ಎಷ್ಟು ಅರ್ಥವಾದಾರು ಎಂದು ನಾನು ಅಳಿಯನ ಎದುರು ಕೊರೆಯುವ ಉತ್ಸಾಹದಲ್ಲೇ ಹೆಂಡತಿಗೆ ವಿವರಿಸತೊಡಗಿದೆ.

“ಅದಿರಲಿ,” ಎಂದಳು. ಅಳಿಯನ ಗ್ರೀನ್ ಕಾರ್ಡಿಗಾಗಿ ತಿಮ್ಮಪ್ಪನಿಗೆ ಕಟ್ಟಿದ ಮುಡಿಪು ದೇವರಮನೆಯಲ್ಲಿ ಬಣ್ಣಗೆಡುವಷ್ಟು ಹಳತಾಗಿದೆ. “ಆ ಜಾಹೀರಾತು ಕೆಲಸ ಆದಮೇಲೆ ಹಾಕಿಸಿದರೆ ಸಾಕಾ, ಇಲ್ಲ ಮುಂಗಡ ಏನಾದ್ರೂ ಕಟ್ಟಬೇಕಾ?”