ಇಬ್ಬರು ಕಿಕುಗೊರೊಗಳ ಮನೆಯ ಮಗಳು

2025ರ ಮೇ ತಿಂಗಳಿಂದೀಚೆಗೆ ಟೋಕಿಯೋದಲ್ಲಿ ಒನೊಯೆ ಕಿಕುಗೊರೊ ಎಂಬ ಹೆಸರಿನವರು, ಕಬುಕಿ ಎಂಬ ಜಪಾನಿ ರಂಗಕಲೆಯ ನಟರು, ಇಬ್ಬರಿದ್ದಾರೆ. ಏಳನೆಯ ಕಿಕುಗೊರೊ ಅಪ್ಪ, ಎಂಟನೆಯ ಕಿಕುಗೊರೊ ಮಗ. ಮಗನಿಗೆ ಹೆಸರು ಬಿಟ್ಟುಕೊಟ್ಟ ಅಪ್ಪ ತಾನು ಬೇರೊಂದು ಹೆಸರಿಗೆ ಸರಿದುಕೊಳ್ಳುವುದು ಅಲ್ಲಿಯ ರೂಢಿ. ಈ ಅಪ್ಪ ಸರಿಯಲಿಲ್ಲ. ಎಂಬತ್ತು ದಾಟಿದ ಮೇಲೆ ಹೊಸ ಹೆಸರು ಹಿಡಿದು ಕೂಗಿದರೆ ತಿರುಗಿ ನೋಡುವ ಅಭ್ಯಾಸ ಮಾಡಿಕೊಳ್ಳುವುದು ಸುಲಭವಲ್ಲ. ನನಗಂತೂ ಅವರು ಮಾಡಿದ್ದು ಸರಿಯೆನಿಸುತ್ತದೆ. ಪಾಡೆಲ್ಲ ಉಳಿದವರದು. ಮನೆಗೆ ಫೋನು ಮಾಡಿ "ಕಿಕುಗೊರೊ ಅವರಿದ್ದಾರೆಯೇ?" ಎಂದವರನ್ನು "ಎಷ್ಟನೆಯವರು ಬೇಕಾಗಿತ್ತು?" ಎಂದು ಕೇಳಬೇಕಾದೀತು.

ಕಬುಕಿಯಲ್ಲಿ ಹೆಸರೆಂದರೆ ನಮ್ಮ ಮಠಗಳ ಪೀಠವಿದ್ದ ಹಾಗೆ. ಮನುಷ್ಯರು ಬರುತ್ತಾರೆ, ಕೂರುತ್ತಾರೆ, ಹೋಗುತ್ತಾರೆ. ಪೀಠ ಮಾತ್ರ ಇದ್ದಲ್ಲೇ ಇರುತ್ತದೆ. ಮೊದಲನೆಯ ಕಿಕುಗೊರೊ ಹುಟ್ಟಿದ್ದು 1717ರಲ್ಲಿ. ಅಲ್ಲಿಂದ ಇಲ್ಲಿಯವರೆಗೆ ಆ ಹೆಸರು ಹೆಗಲಿಂದ ಹೆಗಲಿಗೆ ದಾಟಿಕೊಂಡು ಬಂದಿದೆ. ಮೇಲೇರಲು ಮೆಟ್ಟಿಲುಗಳೂ ಇವೆ. ಈಗಿನ ಎಂಟನೆಯವರು 1984ರಲ್ಲಿ ಉಶಿನೊಸುಕೆ ಆಗಿದ್ದರು, 1996ರಲ್ಲಿ ಕಿಕುನೊಸುಕೆ ಆದರು, 2025ರಲ್ಲಿ ಕಿಕುಗೊರೊ ಆದರು. ಅವರು ಖಾಲಿ ಮಾಡಿದ ಕಿಕುನೊಸುಕೆ ಎಂಬ ಮೆಟ್ಟಿಲಿಗೆ ಅದೇ ಸಂದರ್ಭದಲ್ಲಿ ಅವರ ಮಗ ಹತ್ತಿದ. ಇಷ್ಟು ಸಾಲದೆಂದು ಮನೆತನಕ್ಕೇ ಒತೊವಾಯಾ ಎಂಬ ಇನ್ನೊಂದು ಹೆಸರು. ನಟ ಒಂದು ಭಂಗಿಯಲ್ಲಿ ಕಣ್ಣರಳಿಸಿ ನಿಂತ ಗಳಿಗೆಗೆ ಸರಿಯಾಗಿ, ಮೇಲಿನ ಅಂತಸ್ತಿನ ಅಗ್ಗದ ಆಸನಗಳಲ್ಲಿ ಕೂತ ಪಳಗಿದ ರಸಿಕರು "ಒತೊವಾಯಾ!" ಎಂದು ಕೂಗುತ್ತಾರೆ. ಅರೆಗಳಿಗೆ ತಡವಾದರೂ ಕೂಗಿದವನ ಮಾನ ಹೋಯಿತು.

ನಾನು ಹೇಳಹೊರಟಿದ್ದು ಈ ಗಂಡಸರ ವಿಷಯವಲ್ಲ. ಎಂಟನೆಯವರಿಗೊಬ್ಬ ಅಕ್ಕ ಇದ್ದಾರೆ. ಏಳನೆಯವರಿಗೆ ಮೊದಲು ಹುಟ್ಟಿದ ಕೂಸು, 1972ರ ಡಿಸೆಂಬರಿನಲ್ಲಿ. ಹೆಸರು ತೆರಾಜಿಮಾ ಶಿನೊಬು. ತೆರಾಜಿಮಾ ಎಂಬುದು ರಂಗದ ಹೆಸರಲ್ಲ, ಮನೆಬಾಗಿಲ ಫಲಕದ ಮೇಲಿನ ಹೆಸರು. ಮನೆಯ ಗಂಡಸರು ಒಂದೊಂದು ಮೆಟ್ಟಿಲಿಗೂ ಹೊಸ ಹೆಸರು ತೊಟ್ಟುಕೊಂಡು ಮೆರೆಯುತ್ತಿರುವಾಗ ಆಕೆ ತೊಟ್ಟಿಲಲ್ಲಿ ಸಿಕ್ಕ ಹೆಸರಿನಲ್ಲೇ ನಾಟಕ ಆಡಿದರು, ಸಿನಿಮಾ ಮಾಡಿದರು, ಬರ್ಲಿನ್ ಚಿತ್ರೋತ್ಸವದಲ್ಲಿ ಬೆಳ್ಳಿ ಕರಡಿ ಪ್ರಶಸ್ತಿಯನ್ನೂ ಗೆದ್ದರು.

ಚಿಕ್ಕಂದಿನಲ್ಲಿ ತನಗೂ ಕಬುಕಿ ನಟಿಯಾಗುವ ಆಸೆಯಿತ್ತೆಂದು ಆಕೆ ಮುಚ್ಚುಮರೆಯಿಲ್ಲದೆ ಹೇಳಿಕೊಂಡಿದ್ದಾರೆ. ನಾಲ್ಕು ವರ್ಷದವರಿದ್ದಾಗ ತಮ್ಮ ಹುಟ್ಟಿದ. ಮನೆಗೆ ಯುವರಾಜ ಬಂದ. ಅಕ್ಕಂದಿರಿಗೆ ತಮ್ಮಂದಿರ ಮೇಲೆ ಹೊಟ್ಟೆಕಿಚ್ಚು ಎಲ್ಲ ಮನೆಯಲ್ಲೂ ಇದ್ದದ್ದೇ. ಆದರೆ ಮೂರು ಶತಮಾನದ ಹೆಸರೊಂದು ಎಳೆಗೂಸಿನ ತಲೆಯ ಮೇಲೆ ತೂಗಾಡುತ್ತಿರುವುದನ್ನು ಎಲ್ಲ ಅಕ್ಕಂದಿರೂ ನೋಡಬೇಕಾಗಿ ಬರುವುದಿಲ್ಲ.

ಕಬುಕಿ ರಂಗವನ್ನು ಗಂಡಸರು ಮಾತ್ರ ಹತ್ತಬೇಕೆಂಬ ಕಟ್ಟುಪಾಡಿನ ಇತಿಹಾಸ ಸ್ವಲ್ಪ ತಮಾಷೆಯದು. ಕಬುಕಿಯನ್ನು ಹುಟ್ಟಿಸಿದವಳೇ ಒಬ್ಬ ಹೆಂಗಸು. ಇಜುಮೊದ ಒಕುನಿ ಎಂಬಾಕೆ 1603ರ ಸುಮಾರಿಗೆ ಕ್ಯೋಟೋದಲ್ಲಿ ಕುಣಿದು ಊರನ್ನು ಹುಚ್ಚೆಬ್ಬಿಸಿದಳು. 1629ರಲ್ಲಿ ಶೋಗುನನ ಸರಕಾರ ಹೆಂಗಸರು ರಂಗ ಹತ್ತುವುದರಿಂದ ಊರು ಕೆಡುತ್ತದೆಂದು ತಡೆಹಾಕಿತು. ಆ ಜಾಗಕ್ಕೆ ಎಳೆಯ ಹುಡುಗರು ಬಂದರು. ಅವರಿಂದ ಊರು ಇನ್ನಷ್ಟು ಕೆಟ್ಟಿತು. 1652ರಲ್ಲಿ ಅವರಿಗೂ ತಡೆ. ಕೊನೆಗೆ ಉಳಿದವರು ಮುಂದಲೆ ಬೋಳಿಸಿದ ಬೆಳೆದ ಗಂಡಸರು. ಅವರು ಸ್ತ್ರೀಪಾತ್ರವನ್ನು ಒಂದು ದೊಡ್ಡ ವಿದ್ಯೆಯಾಗಿ ಬೆಳೆಸಿದರು. ಗಂಡಸರ ಸ್ತ್ರೀವೇಷ ಯಕ್ಷಗಾನ ನೋಡಿ ಬೆಳೆದ ನಮಗೆ ಹೊಸದಲ್ಲ, ಹಾಗಾಗಿ ಅದನ್ನು ಬಣ್ಣಿಸುತ್ತ ಕೂರುವುದಿಲ್ಲ. ತಡೆಯ ಕಾನೂನು ಸತ್ತು ನೂರು ವರ್ಷದ ಮೇಲಾಗಿದೆ. ರೂಢಿ ಸಾಯಲಿಲ್ಲ, ರೂಢಿಗೆ ಆಯುಸ್ಸು ಹೆಚ್ಚು.

ಶಿನೊಬು ಅವರ ಅಜ್ಜ, ಏಳನೆಯ ಒನೊಯೆ ಬೈಕೊ, ಸ್ತ್ರೀಪಾತ್ರಧಾರಿಗಳಲ್ಲಿ ಕಳೆದ ಶತಮಾನದ ದೊಡ್ಡ ಹೆಸರು. ಸರಕಾರ ಅವರನ್ನು ದೇಶದ ಜೀವಂತ ನಿಧಿಯೆಂದು ಘೋಷಿಸಿತ್ತು. ಹೆಣ್ಣು ಹೇಗೆ ನಡೆಯುತ್ತಾಳೆ, ಹೇಗೆ ತಿರುಗುತ್ತಾಳೆ, ಸೆರಗಿನಂಥ ತೋಳಿನಲ್ಲಿ ಹೇಗೆ ಅಳು ಅಡಗಿಸುತ್ತಾಳೆ ಎಂಬುದನ್ನು ತೋರಿಸಿ ನಿಧಿಯಾದ ಅಜ್ಜನ ಮನೆಯಲ್ಲಿ ಮೊಮ್ಮಗಳಿಗೆ ಅಡ್ಡಿಯಾದದ್ದು ಒಂದೇ: ಅವಳು ನಿಜವಾಗಿ ಹೆಣ್ಣಾಗಿದ್ದಳು. ಇನ್ನೊಂದು ಸಂಗತಿ. ಬೈಕೊ ಆರನೆಯ ಕಿಕುಗೊರೊಗೆ ದತ್ತುಮಗ. ರಕ್ತವಿಲ್ಲದಿದ್ದರೂ ನಡೆಯುತ್ತದೆ, ಗಂಡಾಗಿದ್ದರೆ ಸಾಕು. ರಕ್ತವಿದ್ದರೂ ನಡೆಯುವುದಿಲ್ಲ, ಹೆಣ್ಣಾಗಿದ್ದರೆ. ವಂಶವೆಂಬ ಮಾತಿನ ಒಳಗೆ ಎಷ್ಟು ಸಡಿಲ, ಎಷ್ಟು ಬಿಗಿ!

ಇದೇ ಮನೆಯಲ್ಲಿ 2005ರಲ್ಲಿ ನಡೆದದ್ದನ್ನು ಯಾರಾದರೂ ಕತೆಯಾಗಿ ಬರೆದಿದ್ದರೆ ಅತಿಯಾಯಿತೆಂದು ಸಂಪಾದಕರು ವಾಪಸು ಕಳಿಸುತ್ತಿದ್ದರು. ನಿರ್ದೇಶಕ ನಿನಗಾವಾ ಯುಕಿಯೊ ಶೇಕ್ಸ್‌ಪಿಯರನ 'ಟ್ವೆಲ್ಫ್ತ್ ನೈಟ್' ನಾಟಕವನ್ನು ಕಬುಕಿಗೆ ತಂದರು. ಅದರಲ್ಲಿ ಅಗಲಿದ ಅವಳಿಗಳ ಕತೆಯಿದೆ, ಒಬ್ಬ ಅಣ್ಣ, ಒಬ್ಬಳು ತಂಗಿ. ಎರಡೂ ಪಾತ್ರಗಳನ್ನು ಮಾಡಿದ್ದು ಶಿನೊಬು ಅವರ ತಮ್ಮ. ಒಡಹುಟ್ಟಿದ ಅಕ್ಕ ಅದೇ ಊರಿನಲ್ಲಿ ಹೆಸರಾಂತ ನಟಿಯಾಗಿರುವಾಗ, ನಾಟಕದೊಳಗಿನ ಅಕ್ಕತಂಗಿಯ ಪಾಲನ್ನೂ ತಮ್ಮನೇ ಹೊತ್ತುಕೊಳ್ಳಬೇಕಾಯಿತು. ಅಪ್ಪನೂ ಎರಡು ಪಾತ್ರ ಮಾಡಿದರು. ಗಂಡಸರ ಕೊರತೆಯಿತ್ತೆಂದು ಕಾಣುತ್ತದೆ.

ತಾಯಿಯ ಕಡೆಗೆ ಬರೋಣ. ತಾಯಿ ಫುಜಿ ಜುಂಕೊ. 1968ರಿಂದ 1972ರವರೆಗೆ ತೋಯೆ ಸ್ಟುಡಿಯೋದ 'ಕೆಂಪು ಪಿಯೊನಿ' ಸರಣಿಯ ಎಂಟು ಚಿತ್ರಗಳಲ್ಲಿ ಜೂಜುಗಾರ್ತಿ ಒರ್ಯೂ ಆಗಿ, ಹೆಗಲ ಮೇಲೆ ಹೂವಿನ ಹಚ್ಚೆ ಹಾಕಿಕೊಂಡು, ಗೂಂಡಾಗಳನ್ನು ಸಾಲುಸಾಲಾಗಿ ಕೊಚ್ಚಿಹಾಕಿದವರು. ಅವರ ತಂದೆ ಶುಂದೊ ಕೋಜಿ ಅಂಥ ಯಾಕುಜಾ, ಅಂದರೆ ಜಪಾನಿನ ಭೂಗತ ಪಾತಕಿಗಳ, ಚಿತ್ರಗಳನ್ನೇ ತೆಗೆದ ನಿರ್ಮಾಪಕ. ದೂರದರ್ಶನದ ಒಂದು ಐತಿಹಾಸಿಕ ಧಾರಾವಾಹಿಯಲ್ಲಿ ಯೋಧ ಯೊಶಿತ್ಸುನೆಯಾಗಿದ್ದ ಯುವ ಕಬುಕಿ ನಟನ (ಮುಂದಿನ ಏಳನೆಯ ಕಿಕುಗೊರೊ) ಎದುರು ಜುಂಕೊ ಅವನ ಪ್ರೇಯಸಿ ಶಿಜುಕಾ ಆಗಿದ್ದರು. ಪರಿಚಯವಾದದ್ದು ಹಾಗೆ. 1972ರಲ್ಲಿ ಮದುವೆ, ಅದರೊಂದಿಗೇ ಸಿನಿಮಾದಿಂದ ನಿವೃತ್ತಿ. ಆಗ ವಯಸ್ಸು ಇಪ್ಪತ್ತಾರು.

ಕಬುಕಿ ಮನೆಯ ಸೊಸೆಗೆ ಇರುವ ಕೆಲಸ ಕತ್ತಿವರಸೆಗಿಂತ ಕಠಿಣ. ರಂಗಮಂದಿರದ ಹಜಾರದಲ್ಲಿ ಕಿಮೋನೋ ಉಟ್ಟು ನಿಂತು, ಬಂದ ಹಿತೈಷಿಗಳಿಗೆಲ್ಲ ನಡು ಬಗ್ಗಿಸಿ ನಮಸ್ಕರಿಸಬೇಕು. ಯಾರಿಗೆ ಯಾವ ಸಾಲಿನ ಟಿಕೆಟು, ಯಾರ ಮನೆಯಲ್ಲಿ ಯಾರಿಗೆ ಹುಷಾರಿಲ್ಲ, ಯಾರ ಉಡುಗೊರೆಗೆ ಮರುಉಡುಗೊರೆ ಬಾಕಿಯಿದೆ, ಎಲ್ಲ ನಾಲಗೆಯ ತುದಿಯಲ್ಲಿರಬೇಕು. ಹಿಂದಿನ ವರ್ಷ ತೆರೆಯ ಮೇಲೆ ಒಂದೇ ಏಟಿಗೆ ಮೂವರನ್ನು ಉರುಳಿಸಿದ್ದ ಒರ್ಯೂ ಎದುರಿಗೆ ಬಗ್ಗಿ ನಮಸ್ಕರಿಸಿದರೆ ಆ ಹಿತೈಷಿಗಳಿಗೆ ಒಂದು ಹೆಜ್ಜೆ ಹಿಂದೆ ಸರಿಯಬೇಕೆನಿಸಿರಲಿಕ್ಕೂ ಸಾಕು. ಆಮೇಲೆ ಅವರು ತೆರಾಜಿಮಾ ಜುಂಕೊ ಎಂಬ ಹೆಸರಿನಲ್ಲಿ ಟೆಲಿವಿಷನ್ ನಿರೂಪಕಿಯಾದರು, 1989ರಲ್ಲಿ ಫುಜಿ ಸುಮಿಕೊ ಎಂಬ ಹೆಸರಿನಲ್ಲಿ ಸಿನಿಮಾಕ್ಕೆ ಮರಳಿದರು. ಆ ಮನೆಯ ನೀರು ಕುಡಿದವರಿಗೆ ಹೆಸರು ಬದಲಿಸುವ ಚಟ ತಪ್ಪುವುದಿಲ್ಲ.

ಶಿನೊಬು 1992ರಲ್ಲಿ ಬುಂಗಾಕುಜಾ ಎಂಬ ಆಧುನಿಕ ನಾಟಕ ತಂಡ ಸೇರಿ ಕೆಲವು ವರ್ಷ ಪಳಗಿದರು. ಸಿನಿಮಾದಲ್ಲಿ ಹೆಸರಾದದ್ದು 2003ರಲ್ಲಿ, ಮೂವತ್ತು ಮುಟ್ಟಿದ ಮೇಲೆ. ಆ ವರ್ಷದ ಎರಡು ಚಿತ್ರಗಳಲ್ಲಿ ಒಂದರ ಹೆಸರು 'ವೈಬ್ರೇಟರ್'. ಹುಬ್ಬೇರಿಸಬೇಡಿ, ಹಿರೋಕಿ ರ್ಯುಇಚಿ ನಿರ್ದೇಶಿಸಿದ ಈ ಚಿತ್ರದಲ್ಲಿ ನಡುಗುವುದು ಲಾರಿಯ ಎಂಜಿನ್ನು, ಮೊಬೈಲು, ಮತ್ತು ಒಬ್ಬ ಒಂಟಿ ಹೆಂಗಸಿನ ಮನಸ್ಸು. ಹಿಮ ಬೀಳುವ ರಾತ್ರಿ ವೈನು ಕೊಳ್ಳಲು ಅಂಗಡಿಗೆ ಹೋದ ಪತ್ರಕರ್ತೆ ಅಲ್ಲಿ ಕಂಡ ಲಾರಿ ಚಾಲಕನ ಜೊತೆ ಹೊರಟುಬಿಡುತ್ತಾಳೆ, ನಿಗಾಟಾದವರೆಗೆ. ಕತೆ ಇಷ್ಟೇ. "ಮುಂದೇನಾಗುತ್ತದೆ?" ಎಂದು ಕೇಳಿದ ಗೆಳೆಯನಿಗೆ "ವಾಪಸು ಬರುತ್ತಾರೆ" ಎಂದೆ. ಅವನು ನೋಡಲಿಲ್ಲ. ಲಾರಿಯ ಆ ಇಕ್ಕಟ್ಟಾದ ಮುಂಭಾಗದಲ್ಲಿ ಶಿನೊಬು ಅವರ ಮುಖದ ಮೇಲೆ ನಡೆಯುವುದೇ ಚಿತ್ರ. ಬಣ್ಣ, ವಿಗ್ಗು, ರೇಷ್ಮೆ, ಭಂಗಿ ಯಾವುದೂ ಇಲ್ಲ. ಅಪ್ಪನ ಕಲೆ ಮುಖದ ಮೇಲೆ ಬಿಳಿ ಬಳಿದುಕೊಂಡು ಶುರುವಾಗುತ್ತದೆ. ಮಗಳದು ಅದನ್ನು ತೊಳೆದ ಮೇಲೆ ಶುರುವಾಗುತ್ತದೆ. ಆ ಚಿತ್ರಕ್ಕೆ ಟೋಕಿಯೋ ಚಿತ್ರೋತ್ಸವದ ಪ್ರಶಸ್ತಿ ಬಂತು, ಇನ್ನೊಂದು ಚಿತ್ರಕ್ಕೆ ಜಪಾನ್ ಅಕಾಡೆಮಿಯದು.

ಬೆಳ್ಳಿ ಕರಡಿ ಬಂದದ್ದು 2010ರಲ್ಲಿ, ವಕಮತ್ಸು ಕೋಜಿಯವರ 'ಕ್ಯಾಟರ್‌ಪಿಲ್ಲರ್' ಚಿತ್ರಕ್ಕೆ. ಇಲ್ಲಿ ನಗುವ ಸಂಗತಿ ಕಡಿಮೆ. ಚೀನಾ ಯುದ್ಧಕ್ಕೆ ಹೋದ ಗಂಡ ಕೈಕಾಲಿಲ್ಲದೆ, ಕಿವಿ ಕೇಳದೆ, ಮುಖ ಸುಟ್ಟು, ಮೂರು ಪದಕಗಳೊಂದಿಗೆ ಹಳ್ಳಿಗೆ ಮರಳುತ್ತಾನೆ. ಊರವರು ಅವನನ್ನು ಯುದ್ಧದೇವತೆ ಎನ್ನುತ್ತಾರೆ. ದೇವತೆಗೆ ಉಣಿಸುವುದು, ಒರೆಸುವುದು, ಜೊತೆಗೆ ಮಲಗುವುದು ಹೆಂಡತಿ ಶಿಗೆಕೊಳ ಪಾಲು. ಕೈಯಿದ್ದಾಗ ಇದೇ ಗಂಡ ಅವಳನ್ನು ಹೊಡೆಯುತ್ತಿದ್ದವನು. ಮೊದಲು ಹೇಸಿಗೆ, ಆಮೇಲೆ ಕರ್ತವ್ಯ, ಆಮೇಲೆ ಮೆಲ್ಲಗೆ ಒಂದು ಅಧಿಕಾರ. ಅವನಿಗೆ ಸಮವಸ್ತ್ರ ತೊಡಿಸಿ ಗಾಡಿಯಲ್ಲಿ ಕೂರಿಸಿಕೊಂಡು ಊರಲ್ಲಿ ಮೆರವಣಿಗೆ ಹೊರಡುವಾಗ ಶಿಗೆಕೊಳ ಮುಖದಲ್ಲಿರುವುದು ಪತಿಭಕ್ತಿಯೋ ಸೇಡೋ ಹೇಳಲಾಗದು. ಎರಡೂ ಇರಬಹುದೆಂದು ಶಿನೊಬು ತೋರಿಸುತ್ತಾರೆ. ಪ್ರಶಸ್ತಿ ಘೋಷಣೆಯಾದಾಗ ಆಕೆ ನಾಟಕದ ಕೆಲಸಕ್ಕೆಂದು ಜಪಾನಿಗೆ ಮರಳಿಯಾಗಿತ್ತು. ಜಪಾನಿನ ನಟಿಗೆ ಬರ್ಲಿನ್ನಿನ ಈ ಮರ್ಯಾದೆ ಸಿಕ್ಕಿದ್ದು 1975ರ ತನಕಾ ಕಿನುಯೊ ನಂತರ ಅದೇ ಮೊದಲು. ಅದಕ್ಕೂ ಮುಂಚೆ, 1964ರಲ್ಲಿ, ಹಿದಾರಿ ಸಾಚಿಕೊಗೆ ಪ್ರಶಸ್ತಿ ತಂದ ಎರಡು ಚಿತ್ರಗಳಲ್ಲೊಂದು 'ಇನ್ಸೆಕ್ಟ್ ವುಮನ್'. ಒಮ್ಮೆ ಕೀಟ, ಒಮ್ಮೆ ಕಂಬಳಿಹುಳು. ಬರ್ಲಿನ್ ತೀರ್ಪುಗಾರರ ಒಲವು ಯಾವ ಕಡೆಗೆಂದು ಮುಂದಿನ ನಟಿಯರು ಗಮನಿಸುವುದು ಒಳ್ಳೆಯದು.

2017ರ 'ಓ ಲೂಸಿ!' ಚಿತ್ರದಲ್ಲಿ ಆಕೆ ಟೋಕಿಯೋದ ಕಚೇರಿಯೊಂದರ ಒಣಕಲು ನೌಕರಳು. ಇಂಗ್ಲಿಷ್ ಕಲಿಯಲು ಹೋದರೆ ಅಮೆರಿಕನ್ ಮೇಷ್ಟ್ರು ಅವಳ ತಲೆಗೆ ಹೊಂಬಣ್ಣದ ವಿಗ್ಗಿಟ್ಟು "ಇನ್ನು ಮೇಲೆ ನೀನು ಲೂಸಿ" ಎನ್ನುತ್ತಾನೆ. ಹೆಸರು ಸಿಕ್ಕಿದ್ದೇ ತಡ, ಅವಳು ಮೇಷ್ಟ್ರನ್ನು ಹುಡುಕಿಕೊಂಡು ಕ್ಯಾಲಿಫೋರ್ನಿಯಾಕ್ಕೇ ಹೋಗುತ್ತಾಳೆ. ಒತೊವಾಯಾ ಮನೆತನ ಮೂರು ಶತಮಾನದ ದಾಸ್ತಾನಿನಲ್ಲಿ ಒಂದು ಹೆಸರನ್ನೂ ತೆಗೆದುಕೊಡದ ಮಗಳಿಗೆ ಹೊರಗಿನವನೊಬ್ಬ ವಿಗ್ಗಿನ ಸಮೇತ ಒಂದನ್ನು ಪುಕ್ಕಟೆಯಾಗಿ ಕೊಟ್ಟ. ಆ ವಿಗ್ಗಿನಡಿಯಲ್ಲಿ ಅರಳುವ ಮುಖದ ಹಿಗ್ಗು ನೋಡಿದರೆ ಇದು ಬರಿಯ ಅಭಿನಯವೆನ್ನಲು ನನಗೆ ಮನಸ್ಸು ಬರುವುದಿಲ್ಲ.

ಶಿನೊಬು ಅವರ ಗಂಡ ಫ್ರಾನ್ಸಿನವರು. ಮಗ ಮಹೊರೊ 2023ರ ಮೇ ತಿಂಗಳಲ್ಲಿ ಗಿನ್ಜಾದ ಕಬುಕಿ-ಜಾ ರಂಗಮಂದಿರದಲ್ಲಿ ಒನೊಯೆ ಮಹೊರೊ ಎಂಬ ಹೆಸರಿನಲ್ಲಿ ವಿಧ್ಯುಕ್ತವಾಗಿ ರಂಗಪ್ರವೇಶ ಮಾಡಿದ. ಶುಭಸಂದರ್ಭದ ತೆರೆಯನ್ನು ಫ್ರಾನ್ಸಿನ ಶನೆಲ್ ಸಂಸ್ಥೆ ಮಾಡಿಸಿಕೊಟ್ಟಿತ್ತು. ತಾಯಿಗೆ ತೆರೆಯದ ಬಾಗಿಲು ಹತ್ತು ವರ್ಷದ ಪೋರನಿಗೆ, ಅರ್ಧ ಫ್ರೆಂಚ್ ರಕ್ತದವನಿಗೆ, ಗಡಗಡನೆ ತೆರೆಯಿತು.

ಅದೇ ವರ್ಷ ಅಕ್ಟೋಬರಿನಲ್ಲಿ ಬಾಗಿಲು ತಾಯಿಗೂ ಸ್ವಲ್ಪ ಸಂದು ಬಿಟ್ಟಿತು. ತೊಂಬತ್ತೆರಡರ ಹರೆಯದ ಸಿನಿಮಾ ನಿರ್ದೇಶಕ ಯಮಾದಾ ಯೋಜಿ 'ಬುನ್‌ಶಿಚಿ ಮೊತ್ತೊಯಿ' ಕತೆಯನ್ನು ಕಬುಕಿ-ಜಾದಲ್ಲಿ ಹೊಸದಾಗಿ ಆಡಿಸಿದರು. ಜೂಜಿನಲ್ಲಿ ಮನೆ ಮುಳುಗಿಸಿದ ಗಾರೆ ಕೆಲಸದ ಚೋಬೆ. ಅಪ್ಪನ ಸಾಲ ತೀರಿಸಲು ಸೂಳೆಗೇರಿಗೆ ಹೋಗಿ ನಿಂತ ಮಗಳು. ಅವಳಿಂದಾಗಿ ಸಿಕ್ಕ ಐವತ್ತು ಹೊನ್ನನ್ನು ದಾರಿಯಲ್ಲಿ ಹೊಳೆಗೆ ಹಾರಲಿದ್ದ ಯಾವನೋ ಹುಡುಗನಿಗೆ ಕೊಟ್ಟು ಬರಿಗೈಯಲ್ಲಿ ಮನೆಗೆ ಬಂದ ಪುಣ್ಯಾತ್ಮ. ಅವನನ್ನು ರಾತ್ರಿಯಿಡೀ ಉಗಿಯುವ ಹೆಂಡತಿ ಒಕಾನೆ, ನಮ್ಮ ಶಿನೊಬು. ಈ ನಾಟಕವನ್ನು ಮೊದಲು 1902ರಲ್ಲಿ ರಂಗಕ್ಕೆ ತಂದವರು ಐದನೆಯ ಕಿಕುಗೊರೊ. ಮನೆಯ ಆಸ್ತಿಯಂಥ ನಾಟಕ. ಅದರೊಳಗೆ ಮನೆಮಗಳಿಗೆ ಸಿಕ್ಕಿದ್ದು ಹರಕು ಬಟ್ಟೆ, ಮುರುಕು ಮನೆ, ಬೈಯುವ ಹಕ್ಕು. ಐವತ್ತು ವರ್ಷ ಕಾದವರು ಎಷ್ಟು ಮನಸಾರೆ ಬೈದಿರಬೇಡ!

ಇನ್ನು 2025ರ 'ಕೊಕುಹೊ'. ಲೀ ಸಂಗ್-ಇಲ್ ನಿರ್ದೇಶನದ ಈ ಚಿತ್ರ ನೋಡಲು ಜಪಾನಿನಲ್ಲಿ ಜನ ಮುಗಿಬಿದ್ದರು. ಯಾಕುಜಾ ಮನೆಯ ಅನಾಥ ಹುಡುಗ ಕಬುಕಿ ಮನೆಗೆ ಬಂದು, ಮನೆಯ ಮಗನನ್ನು ಮೀರಿಸಿ ಸ್ತ್ರೀಪಾತ್ರಧಾರಿಯಾಗುವ ಕತೆ. ಅಮ್ಮನ ಕಡೆಯ ಯಾಕುಜಾ, ಅಪ್ಪನ ಕಡೆಯ ಕಬುಕಿ, ಎರಡೂ ತವರು ಒಂದೇ ಚಿತ್ರದಲ್ಲಿ. ಶಿನೊಬು ಅವರದು ಕಬುಕಿ ಯಜಮಾನನ ಹೆಂಡತಿ ಸಾಚಿಕೊಳ ಪಾತ್ರ. ಗಾಯಗೊಂಡ ಗಂಡ ತನ್ನ ಬದಲಿಗೆ ಹೆತ್ತ ಮಗನನ್ನು ಬಿಟ್ಟು ಹೊರಗಿನ ಹುಡುಗನನ್ನು ರಂಗಕ್ಕೆ ಕಳಿಸಿದಾಗ ಸಾಚಿಕೊ ಸಿಡಿದೇಳುತ್ತಾಳೆ: ರಕ್ತ ಇಲ್ಲಿರುವಾಗ ಹೆಸರು ಅಲ್ಲಿಗೆ ಹೋಗುವುದೇ? ಈ ಸಿಟ್ಟನ್ನು ಆಡಿ ತೋರಿಸಲು ಹುಡುಕಿ ಹುಡುಕಿ ಇವರನ್ನೇ ಕರೆತಂದ ನಿರ್ದೇಶಕನ ತುಂಟತನಕ್ಕೆ ನನ್ನದೊಂದು ನಮಸ್ಕಾರ. ನಾಯಕರಿಬ್ಬರೂ ಸಿನಿಮಾದ ಹುಡುಗರು, ಕಬುಕಿಯ ಗಾಳಿ ತಾಕದವರು. ಸ್ತ್ರೀವೇಷದ ನಡಿಗೆ, ನೃತ್ಯ ಕಲಿಯಲು ಅವರಿಗೆ ಒಂದೂವರೆ ವರ್ಷ ಹಿಡಿಯಿತು. ಹಿತೈಷಿಗಳ ಮುಂದೆ ಎಷ್ಟು ಬಗ್ಗಬೇಕು, ಬಗ್ಗಿದಾಗ ಕಣ್ಣು ಎಲ್ಲಿರಬೇಕು ಎಂಬುದನ್ನು ಸಾಚಿಕೊಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ.