ಬಗರ್‌ಹುಕುಂ ತೇಲುವಿಕೆ: ಒಂದು ಶಾಸ್ತ್ರೀಯ ಜಿಜ್ಞಾಸೆ

ದೋಣಿ ಯಾಕೆ ತೇಲುತ್ತದೆ ಎಂದು ಕೇಳಿದರೆ ಶಾಲೆಗಳಲ್ಲಿ ಇಂದಿಗೂ ಆರ್ಕಿಮಿಡೀಸನ ಹೆಸರು ಹೇಳಿ ಮಕ್ಕಳ ದಾರಿ ತಪ್ಪಿಸುತ್ತಾರೆ. ಆತ ಇಳಿದದ್ದು ಸಿರಾಕ್ಯೂಸಿನ ತೊಟ್ಟಿಗೆ. ಸಾಗರ, ಹೊಸನಗರ, ತೀರ್ಥಹಳ್ಳಿಯ ನೀರಿಗೆ ಇಳಿಯದ ಕಾರಣ ತೇಲುವಿಕೆಗೊಂದು ಕಂದಾಯದ ಮುಖವೂ ಇದೆಯೆಂಬುದು ಅವನಿಗೆ ಹೊಳೆಯಲಿಲ್ಲ. ಪ್ರಸ್ತುತ ಪ್ರಬಂಧದ ಪ್ರಮೇಯ ಇಷ್ಟೇ: ದೋಣಿಯನ್ನು ಎತ್ತಿ ಹಿಡಿಯುವುದು ನೀರಲ್ಲ, ದಾಖಲೆ. ದಾಖಲೆಯಿಲ್ಲದ ದೋಣಿ ತೇಲುವುದನ್ನೂ ಕಣ್ಣಾರೆ ಕಂಡಿದ್ದೇವಲ್ಲ ಎನ್ನುವವರ ಆಕ್ಷೇಪವನ್ನು ಮೊದಲೇ ವಿಲೇವಾರಿ ಮಾಡಿಬಿಡಬಹುದು. ಹುಕುಮಿಲ್ಲದೆ ಸರ್ಕಾರಿ ಜಮೀನಿನಲ್ಲಿ ನೆಟ್ಟ ಅಡಿಕೆಯೂ ಗೊನೆ ಬಿಡುತ್ತದೆ. ಆದರೆ ಕಡತದಲ್ಲಿ ಅದು ತೋಟವಲ್ಲ, ಒತ್ತುವರಿ. ಅಂತೆಯೇ ಕಾಗದವಿಲ್ಲದ ದೋಣಿ ತೇಲುತ್ತಿಲ್ಲ, ಅನಧಿಕೃತವಾಗಿ ಮುಳುಗದೆ ಉಳಿದಿದೆ. ಇದನ್ನು ಬಗರ್‌ಹುಕುಂ ತೇಲುವಿಕೆ ಎಂದು ಕರೆಯತಕ್ಕದ್ದು. ಬಗರ್‌ಹುಕುಂ ಸಕ್ರಮಕ್ಕಿರುವ ನಮೂನೆ 50, 53, 57ರ ಸಾಲಿಗೆ ಇದಕ್ಕೂ ಒಂದು ನಮೂನೆ ಸೇರುವ ತನಕ ಅಂಬಿಗರು ತಾಳ್ಮೆಯಿಂದಿರಬೇಕು.

ಪ್ರಮೇಯಕ್ಕೆ ಮುಖ್ಯ ಆಧಾರ, 1917ರ ಕಾಯ್ದೆಯನ್ನು ತೆಗೆದು ತಂದ 2021ರ ಒಳನಾಡು ಹಡಗುಗಳ ಕಾಯ್ದೆ. ಯಂತ್ರದಿಂದ ಓಡುವ ದೋಣಿಗೆ ತಪಾಸಣೆ, ನೋಂದಣಿ ಎರಡೂ ಕಡ್ಡಾಯ. ಒಮ್ಮೆ ಪತ್ರ ಕೈಗೆ ಬಂದರೆ ಅದು ಇಡೀ ದೇಶಕ್ಕೆ ಸಲ್ಲುತ್ತದೆ. ಅಂದಮೇಲೆ ಶರಾವತಿ ಹಿನ್ನೀರಿನಲ್ಲಿ ವಿಹಾರಕ್ಕೆಂದು ಇಟ್ಟುಕೊಂಡ ಮೋಟಾರು ದೋಣಿಯ ಪತ್ರ ಬ್ರಹ್ಮಪುತ್ರದಲ್ಲೂ ನಡೆಯುತ್ತದೆ. ನಡುವೆ ಲಿಂಗನಮಕ್ಕಿ ಅಣೆಕಟ್ಟು, ಅದರಾಚೆ 830 ಅಡಿಯ ಜೋಗ ಇದೆಯೆಂಬುದು ಭೂಗೋಳದವರ ತಕರಾರು, ಅದನ್ನು ಅವರೇ ಬಗೆಹರಿಸಿಕೊಳ್ಳಲಿ. ಸಮುದ್ರಮಟ್ಟದಿಂದ 1819 ಅಡಿ ಮೇಲೆ ತುಂಬಿ ನಿಲ್ಲುವ ನೀರಿಗೆ ಬಂದರು ಮತ್ತು ಒಳನಾಡು ಜಲಸಾರಿಗೆ ಇಲಾಖೆಯೇ ದಿಕ್ಕಾಗಿರುವುದನ್ನು ನೋಡಿ ನಗುವವರಿದ್ದಾರೆ. ಅಂಬುತೀರ್ಥದಲ್ಲಿ ಹುಟ್ಟಿದ ನದಿ ಮೂರೂ ತಾಲ್ಲೂಕು ದಾಟಿ ಕೊನೆಗೆ ಸೇರುವುದು ಕಡಲನ್ನೇ ತಾನೆ? ಇಲಾಖೆ ಮುಂಗಡವಾಗಿ ಹಿನ್ನೀರಿಗೇ ಬಂದು ಕೂತಿದೆ.

ಹುಟ್ಟು ಹಾಕುವ ದೋಣಿ, ಉಕ್ಕಡ, ತೆಪ್ಪಗಳಿಗೆ ಇದ್ಯಾವುದೂ ಇಲ್ಲವಲ್ಲ ಎನ್ನುವಿರಿ. ಕಾಯ್ದೆ ಅವನ್ನೂ ಬಿಟ್ಟಿಲ್ಲ. ಯಂತ್ರವಿಲ್ಲದವನ್ನು ಸ್ಥಳೀಯ ಸಂಸ್ಥೆಗಳಲ್ಲಿ ದಾಖಲಿಸಲು ಅದರಲ್ಲಿ ಜಾಗವಿದೆ. ವಿಷಯ ಪಂಚಾಯಿತಿಗೆ ಬಂತೆಂದರೆ ಹಿಂದೆಯೇ ಚಕ್ಕುಬಂದಿ ಬರುತ್ತದೆ. ಪೂರ್ವಕ್ಕೆ ನೀರು, ಪಶ್ಚಿಮಕ್ಕೆ ನೀರು, ಉತ್ತರಕ್ಕೆ ನೀರು, ದಕ್ಷಿಣಕ್ಕೆ ಹಗ್ಗ ಕಟ್ಟಿದ ಒಣಮರದ ಬುಡ. ಇಷ್ಟು ಬರೆದು ಮೊಹರು ಒತ್ತುವಷ್ಟರಲ್ಲಿ ಬೇಸಿಗೆ. ಹಿನ್ನೀರು ಇಳಿದು, 1948ರಲ್ಲಿ ಮುಗಿದು 1964ರಲ್ಲಿ ಮುಳುಗಿದ ಹಿರೇಭಾಸ್ಕರ ಅಣೆಕಟ್ಟೇ ತಲೆಯೆತ್ತುವ ಕಾಲದಲ್ಲಿ ದೋಣಿ ಬಿರುಕುಬಿಟ್ಟ ಕೆಸರಿನ ಮೇಲೆ ಓರೆಯಾಗಿ ಕೂತಿರುತ್ತದೆ. ಇಳಿದ ನೀರು ವಿದ್ಯುತ್ ನಿಗಮದ್ದು, ಅದರೊಳಗಿನ ಮೀನಿಗೆ ಮೀನುಗಾರಿಕೆ ಇಲಾಖೆ, ದಡಕ್ಕೆ ಅರಣ್ಯ ಇಲಾಖೆ, ಕೆಸರಿನಡಿಯ ಹಳೇ ಸರ್ವೆ ನಂಬರಿಗೆ ಕಂದಾಯ ಇಲಾಖೆ. ಇಷ್ಟೂ ಇಲಾಖೆಗಳ ನಿರಾಕ್ಷೇಪಣಾ ಪತ್ರವನ್ನು ಹೊತ್ತೂ ಮುಳುಗದ ದೋಣಿ ಎಲ್ಲಿ ಬೇಕಾದರೂ ತೇಲೀತು. ಇದಕ್ಕಿಂತ ಕಠಿಣವಾದ ತಾಂತ್ರಿಕ ಪರೀಕ್ಷೆ ಬೇರೆ ಬೇಕೆ?

ತೀರ್ಥಹಳ್ಳಿಯ ನಿದರ್ಶನ ಹೆಚ್ಚು ಸೂಕ್ಷ್ಮ. ಎಳ್ಳಮಾವಾಸ್ಯೆ ಜಾತ್ರೆಯಲ್ಲಿ ತುಂಗೆಯ ಮೇಲೆ ರಾಮೇಶ್ವರನ ತೆಪ್ಪೋತ್ಸವ ನಡೆಯುತ್ತದೆ. ದೇವರು ಅಂದು ಎಲ್ಲಿಗೂ ಹೋಗಬೇಕಾಗಿಲ್ಲ, ಸುಮ್ಮನೆ ಸುತ್ತಿ ಬರುತ್ತಾನೆ. ಇದು ವಿಹಾರದ ಶುದ್ಧ ರೂಪ. ಮಾಲೀಕರ ಹೆಸರಿನ ಕಾಲಮ್ಮಿಗೂ ತೊಂದರೆಯಿಲ್ಲ, ನಮ್ಮ ನ್ಯಾಯಾಲಯಗಳು ದೇವರನ್ನು ಆಸ್ತಿ ಹೊಂದಬಲ್ಲ ವ್ಯಕ್ತಿಯೆಂದು ಎಂದೋ ಒಪ್ಪಿವೆ. ತೊಡಕಿರುವುದು ಖಾಯಂ ವಿಳಾಸದಲ್ಲಿ: ಕೈಲಾಸವೆಂದು ಬರೆದರೆ ತಾಲ್ಲೂಕು ಯಾವುದೆಂದು ಕೇಳುತ್ತಾರೆ.

ಸಾಗರದಲ್ಲಿ ವಿಹಾರದ ವ್ಯಾಖ್ಯೆಯೇ ಒಂದು ದಿನದಲ್ಲಿ ಬದಲಾಯಿತು. ಅಂಬಾರಗೊಡ್ಲು–ಕಳಸವಳ್ಳಿ ಲಾಂಚು ಹತ್ತುತ್ತಿದ್ದವರು ಆಸ್ಪತ್ರೆಗೋ ಕಾಲೇಜಿಗೋ ಸಿಗಂದೂರಿಗೋ ಹೊರಟವರು. 2025ರ ಜುಲೈ 14ರಂದು ಅಲ್ಲಿ 2.44 ಕಿ.ಮೀ. ಉದ್ದದ ಕೇಬಲ್ ಆಧಾರಿತ ಸೇತುವೆ ತೆರೆಯಿತು. ಮಾರನೆಯ ದಿನ ಅದೇ ನೀರಿನ ಮೇಲೆ ದೋಣಿ ಹತ್ತಿದವನು ಯಾವ ಕೆಲಸಕ್ಕೇ ಹೊರಟಿರಲಿ, ವಿಹಾರಿ. ಆದಕಾರಣ ವಿಹಾರವೆಂಬ ಗುಣ ದೋಣಿಯಲ್ಲಿಲ್ಲ, ಪಕ್ಕದ ಸೇತುವೆಯಲ್ಲಿದೆ. ವಿಹಾರದೋಣಿಯ ಅರ್ಜಿಯೊಂದಿಗೆ ಹತ್ತಿರದ ಸೇತುವೆಯ ಕಾಮಗಾರಿ ಮುಕ್ತಾಯ ಪತ್ರವನ್ನೂ ಲಗತ್ತಿಸಬೇಕೆಂದು ಈ ಪ್ರಬಂಧ ಶಿಫಾರಸು ಮಾಡುತ್ತದೆ. ಸೇತುವೆಯಿಲ್ಲದ ಕಡೆಯವರು ವಿಹರಿಸುವಂತಿಲ್ಲ.

ಇನ್ನು ಪ್ರಮೇಯವನ್ನೇ ಅಲ್ಲಾಡಿಸಬಲ್ಲ ಒಂದು ಆಕ್ಷೇಪ ಉಳಿದಿದೆ. ತೇಲಿಸುವುದು ದಾಖಲೆಯೇ ಆದರೆ, ಖಾತೆ, ಪಹಣಿ, ಕಂದಾಯದ ರಸೀದಿ ಎಲ್ಲ ಇದ್ದ ಊರುಗಳು 1964ರಲ್ಲಿ ಲಿಂಗನಮಕ್ಕಿಯ ನೀರಿಗೆ ಹೇಗೆ ಮುಳುಗಿದವು? ಉತ್ತರವಿದೆ. ಆ ಊರುಗಳ ಜಮೀನಿನ ಕಾಗದ ಮೊದಲು ಸರ್ಕಾರದ ಹೆಸರಿಗೆ ಹೋಯಿತು, ನೀರು ಬಂದದ್ದು ಆಮೇಲೆ, ಕ್ರಮದಲ್ಲಿ ಲೋಪವಿಲ್ಲ. ಅಲ್ಲಿಂದೆದ್ದ ಕುಟುಂಬಗಳನ್ನು ಲಾರಿಯಲ್ಲಿ ತಂದು ಕಾಡಿನಂಚಿಗೆ ಇಳಿಸಲಾಯಿತು, ಕಾಗದ ಹಿಂದಿನಿಂದ ಬರುತ್ತದೆಂದರು. ಆರು ದಶಕ ಕಳೆದರೂ ಹಕ್ಕುಪತ್ರಕ್ಕಾಗಿ ಮುಳುಗಡೆ ಸಂತ್ರಸ್ತರ ಹೋರಾಟ ಮುಗಿದಿಲ್ಲ. ಕಂದಾಯ ಇಲಾಖೆಯನ್ನು ಕೇಳಿದರೆ ಅರಣ್ಯ ಎನ್ನುತ್ತದೆ, ಅರಣ್ಯ ಇಲಾಖೆಯನ್ನು ಕೇಳಿದರೆ ಒತ್ತುವರಿ ಎನ್ನುತ್ತದೆ. ನಮ್ಮ ವ್ಯಾಖ್ಯೆಯ ಪ್ರಕಾರ ಇವರು ಅರವತ್ತು ವರ್ಷಗಳಿಂದ ಅನಧಿಕೃತವಾಗಿ ಮುಳುಗದೆ ಉಳಿದವರು. ನೆಲದ ಕಾಯ್ದೆಗಳಲ್ಲಿ ಇವರಿಗೆ ಜಾಗವಿಲ್ಲದಿದ್ದರೆ ಬೇಡ, ಯಂತ್ರವಿಲ್ಲದ ಒಳನಾಡು ಹಡಗುಗಳೆಂದು ಕುಟುಂಬವಾರು ಪಂಚಾಯಿತಿಯಲ್ಲಿ ದಾಖಲಿಸಿಕೊಳ್ಳಲು ಅಡ್ಡಿಯೇನು? ಎಲ್ಲಿ ಕಟ್ಟಿದ್ದಾರೆ ಎಂದು ಹಡಗನ್ನು ಯಾರೂ ಒಕ್ಕಲೆಬ್ಬಿಸುವುದಿಲ್ಲ. ಸಂಖ್ಯೆಯನ್ನು ಎದ್ದು ಕಾಣುವ ಜಾಗದಲ್ಲಿ ಬರೆಸಬೇಕೆಂಬ ನಿಯಮವೊಂದಿದೆ. ಹಣೆಯ ಮೇಲೆಯೋ ಬೆನ್ನಿನ ಮೇಲೆಯೋ ಎಂಬ ಬಗ್ಗೆ ಮೇಲಧಿಕಾರಿಗಳಿಂದ ಸ್ಪಷ್ಟೀಕರಣ ಕೋರಬೇಕಾಗುತ್ತದೆ.